ಮನವಿ ಕೊಟ್ಟಿದ್ದೀರಾ?

ಸರ್ಕಾರಿ ನೇಮಕಾತಿಯಲ್ಲಿ ಅನ್ಯಾಯವಾಯಿತೆಂದು ನ್ಯಾಯಪೀಠದ ಮುಂದೆ ಹೋದವರನ್ನು ಮೊಟ್ಟಮೊದಲು ಕೇಳುವುದು, ‘ಮನವಿ ಕೊಟ್ಟಿದ್ದೀರಾ?’ ಎಂದು. ಅನ್ಯಾಯದ ಮಾತು ಆಮೇಲೆ. ಮನವಿ ಯಾರಿಗೆ? ಯಾರು ನಿಮ್ಮ ಹೆಸರು ಬಿಟ್ಟು ಪಕ್ಕದವರ ಹೆಸರು ಬರೆದರೋ ಅವರಿಗೇ. ಅತ್ತೆಯ ಮೇಲಿನ ದೂರನ್ನು ಮೊದಲು ಅತ್ತೆಗೇ ಹೇಳು, ಅವರೇನನ್ನುತ್ತಾರೋ ಕೇಳಿಕೊಂಡು ಆಮೇಲೆ ಪಂಚಾಯಿತಿಗೆ ಬಾ ಎಂದ ಹಾಗಾಯಿತು. ಹೊಸದಾಗಿ ಕೇಳಿದವರಿಗೆ ನಗು ಬರುತ್ತದೆ. ಪಟ್ಟಿಯಲ್ಲಿ ಹೆಸರು ಬಿಟ್ಟುಹೋದವರಿಗೆ ಬರುವುದಿಲ್ಲ.

ನಾನು ಈ ವ್ಯವಹಾರವನ್ನು ಮೇಜಿನ ಆಚೆ ಬದಿಯಿಂದ ನೋಡಿದವನು. ನನ್ನ ನೌಕರಿಯ ಬಹುಪಾಲು ಸರ್ಕಾರಿ ಕಚೇರಿಯೊಂದರ ಟಪಾಲು ಶಾಖೆಯಲ್ಲಿ ಕಳೆಯಿತು. ಟಪಾಲು ಮೇಜಿನ ಸಾಮಾನು ಹೆಚ್ಚೇನಿಲ್ಲ. ನೇರಳೆ ಶಾಯಿಯ ಪ್ಯಾಡು, ತಾರೀಕು ತಿರುಗಿಸುವ ಮೊಹರು, ಉದ್ದನೆಯ ಆವಕ ರಿಜಿಸ್ಟರು, ಗುಂಡುಸೂಜಿ ಡಬ್ಬಿ. ಬೆಳಿಗ್ಗೆ ಬಂದ ಕೂಡಲೆ ಮೊಹರಿನ ಚಕ್ರ ತಿರುಗಿಸಿ ಅವತ್ತಿನ ತಾರೀಕಿಗೆ ತಂದು, ಹಳೆಯ ಲಕೋಟೆಯ ಮೇಲೆ ಒಂದು ಸಲ ಒತ್ತಿ ನೋಡಬೇಕು. ನಮ್ಮ ಮೊಹರಿನ ತಿಂಗಳ ಚಕ್ರ ಎಷ್ಟು ಸವೆದಿತ್ತೆಂದರೆ ಜೂನ್ ಯಾವುದು, ಜುಲೈ ಯಾವುದು ಎಂದು ಬೆಳಕಿಗೆ ಹಿಡಿದು ನೋಡಿದರೂ ಹೇಳುವ ಹಾಗಿರಲಿಲ್ಲ. ಹೊಸದು ಬೇಕೆಂದು ಇಂಡೆಂಟ್ ಕಳಿಸಿದ್ದೆವು. ಅದು ಬರುವವರೆಗೆ ಆ ಎರಡು ತಿಂಗಳು ಮೊಹರಿನ ಪಕ್ಕದಲ್ಲಿ ಪೆನ್ನಿನಿಂದ ತಾರೀಕು ಬರೆದು ಚಿಕ್ಕ ಸಹಿ ಹಾಕುವುದು ನನ್ನ ಪದ್ಧತಿಯಾಗಿತ್ತು. ಆ ಚಿಕ್ಕ ಸಹಿಗೆ ಎಷ್ಟು ಬೆಲೆಯಿದೆ ಎಂದು ತಿಳಿದದ್ದು, ಅಂಥದ್ದೊಂದು ಪ್ರತಿಯನ್ನು ವಕೀಲರೊಬ್ಬರು ಪ್ಲಾಸ್ಟಿಕ್ ಹಾಳೆಯೊಳಗಿಟ್ಟು ದೇವರ ಪ್ರಸಾದ ತೋರಿಸುವಂತೆ ಎರಡೂ ಕೈಯಲ್ಲಿ ಹಿಡಿದು ತೋರಿಸಿದಾಗ.

ಮನವಿ ಕೊಡಲು ಬರುವವರು ಸಾಮಾನ್ಯವಾಗಿ ಒಂದೇ ಪ್ರತಿ ತರುತ್ತಿದ್ದರು. ‘ಇನ್ನೊಂದು ಎಲ್ಲಪ್ಪಾ?’ ಎಂದರೆ, ‘ಒಂದು ಸಾಲದಾ ಸಾರ್, ಸಾಹೇಬ್ರು ಒಬ್ಬರೇ ಅಲ್ವಾ?’ ಎನ್ನುತ್ತಿದ್ದರು. ಎರಡನೆಯ ಪ್ರತಿಯ ಮೇಲೆ ಮೊಹರು ಹಾಕಿಸಿಕೊಂಡು ಮನೆಗೆ ಒಯ್ಯದಿದ್ದರೆ ಕೊಟ್ಟವನು ಕೋಡಂಗಿ, ಇಸ್ಕೊಂಡವನು ಈರಭದ್ರ. ಕಚೇರಿಯ ಎದುರಿನ ಜೆರಾಕ್ಸ್ ಅಂಗಡಿ ಬಾಳಿ ಬದುಕಿದ್ದೇ ಈ ಎರಡನೆಯ ಪ್ರತಿಯ ಮೇಲೆ. ಇನ್ನು ಕೆಲವರು ಅತಿ ಜಾಣರು. ಮೂಲ ಪ್ರತಿ ನಮಗೆ. ಕೆಳಗೆ ‘ಪ್ರತಿಗಳು’ ಎಂದು ಬರೆದು ರಾಷ್ಟ್ರಪತಿಗಳಿಂದ ಹಿಡಿದು ತಾಲ್ಲೂಕು ತಹಸೀಲ್ದಾರರವರೆಗೆ ಸಾಲು ಹಚ್ಚಿರುತ್ತಿದ್ದರು. ಅಷ್ಟು ಜನರಿಗೆ ಗೊತ್ತಾಗಿಬಿಟ್ಟಿದೆ ಎಂದ ಮೇಲೆ ಸಾಹೇಬರು ಹೆದರುತ್ತಾರೆ ಎಂಬ ಲೆಕ್ಕ. ಸಾಹೇಬರು ಆ ಪಟ್ಟಿ ನೋಡಿ ಖುಷಿಪಡುತ್ತಿದ್ದರು. ಇಷ್ಟು ಮಂದಿಗೆ ಹೋಗಿದೆಯೆಂದರೆ ಯಾರಾದರೊಬ್ಬರು ಕ್ರಮ ತೆಗೆದುಕೊಳ್ಳುತ್ತಾರೆ, ತಾವು ಸುಮ್ಮನಿದ್ದರಾಯಿತು ಎಂದು.

ಮನವಿ ಬರೆಯುವುದು ನಮ್ಮ ನಾಡಿಗೆ ಹೊಸದಲ್ಲ. 1881ರಲ್ಲಿ ದಿವಾನ್ ರಂಗಾಚಾರ್ಲು ಮೈಸೂರು ಪ್ರಜಾಪ್ರತಿನಿಧಿ ಸಭೆಯನ್ನು ಶುರುಮಾಡಿದಾಗ ಅದು ದಸರೆಗೆ ಸೇರುವ ಸಭೆ. ಕಾನೂನು ಮಾಡುವ ಅಧಿಕಾರ ಅದಕ್ಕಿರಲಿಲ್ಲ. ಊರೂರಿನ ಅಹವಾಲನ್ನು ದಿವಾನರ ಎದುರು ನಿಂತು ಹೇಳುವ ಅಧಿಕಾರವಿತ್ತು. ಸರ್ಕಾರಿ ಚಾಕರಿ ಯಾರಿಗೆ ಹೆಚ್ಚು, ಯಾರಿಗೆ ಕಡಿಮೆ ಎಂಬ ಅಹವಾಲು ಬೆಳೆದು ಬೆಳೆದು 1918ರಲ್ಲಿ ಸರ್ ಲೆಸ್ಲಿ ಮಿಲ್ಲರ್ ಸಮಿತಿಯನ್ನೇ ನೇಮಿಸುವ ಮಟ್ಟಕ್ಕೆ ಹೋಯಿತು. ಹಾಗಾಗಿ ಮನವಿಯಿಂದ ಏನೂ ಆಗುವುದಿಲ್ಲ ಎನ್ನುವವರ ಮಾತನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಆಗುತ್ತದೆ. ಬರೆದವರ ಮೊಮ್ಮಕ್ಕಳ ಕಾಲಕ್ಕೆ ಆಗುತ್ತದೆ ಎಂಬುದೊಂದೇ ತೊಡಕು.

ಈಗ ಕಾನೂನಿನ ವಿಷಯ. ಸರ್ಕಾರಿ ನೌಕರರ ನೇಮಕಾತಿ, ಬಡ್ತಿ, ಜ್ಯೇಷ್ಠತೆ, ವರ್ಗಾವಣೆಯ ತಕರಾರುಗಳಿಗೆಂದೇ 1985ರಲ್ಲಿ ಆಡಳಿತ ನ್ಯಾಯಮಂಡಳಿಗಳ ಕಾಯ್ದೆ ಬಂತು. ಮರುವರ್ಷ ನಮ್ಮ ರಾಜ್ಯಕ್ಕೂ ಒಂದು ನ್ಯಾಯಮಂಡಳಿ ಬಂತು. ಎಲ್ಲರ ಬಾಯಲ್ಲಿ ಅದು ಕೆಎಟಿ. ಬೆಂಗಳೂರಿನ ಕೆಂಪೇಗೌಡ ರಸ್ತೆಯ ಕಂದಾಯ ಭವನದಲ್ಲಿದೆ. ಬೆಳಗಾವಿ ಮತ್ತು ಕಲಬುರಗಿಗಳಲ್ಲಿ ಪೀಠಗಳಿವೆ. ವರ್ಗಾವಣೆಯ ಋತುವಿನಲ್ಲಿ ಅಲ್ಲಿನ ಮೆಟ್ಟಿಲ ಮೇಲೆ ಇಡೀ ಕರ್ನಾಟಕವನ್ನು ಕಾಣಬಹುದು. ‘ಕೆಎಟಿಯಿಂದ ಸ್ಟೇ ತಂದ’ ಎಂಬ ಮಾತು ನಮ್ಮ ಕಚೇರಿಗಳಲ್ಲಿ ‘ಮಗಳ ಮದುವೆ ಮಾಡಿದ’ ಎಂಬಷ್ಟೇ ಗೌರವದ ಮಾತು.

ಈ ಕಾಯ್ದೆಯ 20ನೆಯ ಕಲಮು ನನಗೆ ಬಹಳ ಇಷ್ಟ. ಸೇವಾ ನಿಯಮಗಳಲ್ಲಿ ಏನೇನು ಪರಿಹಾರದ ದಾರಿಗಳಿವೆಯೋ ಅವೆಲ್ಲವನ್ನೂ ತುಳಿದು ಬಂದ ಹೊರತು ನ್ಯಾಯಮಂಡಳಿ ಸಾಮಾನ್ಯವಾಗಿ ಅರ್ಜಿಯನ್ನು ಒಳಗೆ ಬಿಟ್ಟುಕೊಳ್ಳತಕ್ಕದ್ದಲ್ಲ ಎನ್ನುತ್ತದೆ ಅದು. ಮೇಲ್ಮನವಿಗೆ ಅವಕಾಶವಿದ್ದರೆ ಮೇಲ್ಮನವಿ, ಅಹವಾಲಿಗೆ ಅವಕಾಶವಿದ್ದರೆ ಅಹವಾಲು. ಸರಿ, ಕೊಟ್ಟೆವು. ಉತ್ತರ ಬರದಿದ್ದರೆ? ಇಲ್ಲಿದೆ ಸೊಗಸು. ಕೊಟ್ಟ ದಿನದಿಂದ ಆರು ತಿಂಗಳು ಕಳೆದರೂ ಅಂತಿಮ ಆದೇಶ ಬರದಿದ್ದರೆ, ಪಾಪ, ಇವನು ಎಲ್ಲ ದಾರಿಯನ್ನೂ ತುಳಿದಿದ್ದಾನೆ ಎಂದು ಭಾವಿಸಿಕೊಳ್ಳಬೇಕು ಎಂದು ಅದೇ ಕಲಮು ಹೇಳುತ್ತದೆ. ಸರ್ಕಾರ ಉತ್ತರ ಕೊಡುವುದಿಲ್ಲ ಎಂಬುದನ್ನು ಸಂಸತ್ತೇ ಮುಂಚಿತವಾಗಿ ಊಹಿಸಿ, ಅದಕ್ಕೊಂದು ಉಪಕಲಮು ಮಾಡಿಟ್ಟಿದೆ! ಮೌನಂ ಸಮ್ಮತಿ ಲಕ್ಷಣಂ ಎಂದು ಹುಡುಗಿ ನೋಡಲು ಹೋದ ಮನೆಗಳಲ್ಲಿ ಹೇಳುತ್ತಾರಲ್ಲ, ಸರ್ಕಾರಿ ಕಚೇರಿಯ ಮೌನಕ್ಕೆ ಅದು ಅನ್ವಯಿಸುವುದಿಲ್ಲ. ಇಲ್ಲಿ ಮೌನವೆಂದರೆ ‘ಆಗಲ್ಲ, ಮುಂದೆ ಹೋಗು’ ಎಂದೇ.

ಅದರ ಮುಂದಿನ ಉಪಕಲಮು ಇನ್ನೂ ಚೆಂದ. ರಾಷ್ಟ್ರಪತಿಗೋ ರಾಜ್ಯಪಾಲರಿಗೋ ಬಿನ್ನವತ್ತಳೆ ಸಲ್ಲಿಸುವುದು ಈ ಪರಿಹಾರದ ದಾರಿಗಳ ಲೆಕ್ಕಕ್ಕೆ ಬರುವುದಿಲ್ಲ, ಅದನ್ನು ಸಲ್ಲಿಸಲೇಬೇಕೆಂದಿಲ್ಲ. ಆದರೆ ನೀವಾಗಿಯೇ ಸಲ್ಲಿಸಿದ್ದೀರೋ, ಆಗ ಲೆಕ್ಕಕ್ಕೆ ಬರುತ್ತದೆ. ‘ಪ್ರತಿಗಳು’ ಎಂದು ಸಾಲು ಹಚ್ಚುವ ನಮ್ಮ ಜಾಣರು ಇದನ್ನು ಓದಿದ್ದರೆ ರಾಜಭವನದ ವಿಳಾಸವನ್ನು ಅಷ್ಟು ಧಾರಾಳವಾಗಿ ಬರೆಯುತ್ತಿರಲಿಲ್ಲವೇನೋ.

21ನೆಯ ಕಲಮಿನದು ಗಡಿಯಾರದ ಕೆಲಸ. ಅಂತಿಮ ಆದೇಶ ಬಂದರೆ ಅಲ್ಲಿಂದ ಒಂದು ವರ್ಷ. ಬರದೇ ಇದ್ದರೆ ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷ. ಅಷ್ಟರೊಳಗೆ ನ್ಯಾಯಮಂಡಳಿಗೆ ಬರಬೇಕು. ನಮ್ಮ ಜನ ಸಿಕ್ಕಿಬೀಳುವುದು ಇಲ್ಲೇ. ನನ್ನ ಸೋದರಮಾವನ ಮಗನೊಬ್ಬ ಜ್ಯೇಷ್ಠತಾ ಪಟ್ಟಿಯಲ್ಲಿ ತನ್ನ ಹೆಸರು ಕೆಳಗಿಳಿದದ್ದಕ್ಕೆ ಮನವಿ ಕೊಟ್ಟ. ಉತ್ತರವಿಲ್ಲ. ನೆನಪೋಲೆ ಕೊಟ್ಟ. ಉತ್ತರವಿಲ್ಲ. ಹಿಂದಿನ ನೆನಪೋಲೆಯನ್ನು ‘ಉಲ್ಲೇಖ’ದಲ್ಲಿ ನಮೂದಿಸಿ ಮತ್ತೊಂದು ನೆನಪೋಲೆ ಕೊಟ್ಟ. ಉಲ್ಲೇಖದ ಸಾಲು ಉದ್ದವಾದಂತೆಲ್ಲ ಅವನಿಗೆ ತನ್ನ ಕೇಸು ಗಟ್ಟಿಯಾಗುತ್ತಿದೆ ಎಂಬ ಸಮಾಧಾನ. ಕೊನೆಗೆ ವಕೀಲರ ಹತ್ತಿರ ಹೋದಾಗ ಅವರು ಎಲ್ಲವನ್ನೂ ಪಕ್ಕಕ್ಕೆ ಸರಿಸಿ, ಮೊದಲನೆಯ ಮನವಿಯ ತಾರೀಕಿನ ಮೇಲೆ ಬೆರಳಿಟ್ಟು, ‘ಇಲ್ಲಿಂದ ಎಣಿಸಬೇಕು ಸ್ವಾಮಿ, ಇಲ್ಲಿಂದ’ ಎಂದರಂತೆ. ‘ಹಾಗಾದರೆ ಇವೆಲ್ಲ?’ ಎಂದು ಇವನು ನೆನಪೋಲೆಗಳ ಕಟ್ಟನ್ನು ತೋರಿಸಿದ. ‘ಇವು ನಿಮ್ಮ ನೆನಪಿಗೆ ಇಟ್ಟುಕೊಳ್ಳಿ.’

ವಕೀಲರು ಚೇಷ್ಟೆಗೆ ಹೇಳಿದ ಮಾತಲ್ಲ ಅದು. ಮಧ್ಯಪ್ರದೇಶದ ನೌಕರ ಎಸ್.ಎಸ್. ರಾಥೋಡ್ ಅವರ ಪ್ರಕರಣದಲ್ಲಿ 1989ರಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳು ಕೂತು ಇದನ್ನು ಇತ್ಯರ್ಥ ಮಾಡಿದ್ದಾರೆ. ನಿಯಮದಲ್ಲಿ ಇರುವ ಮೇಲ್ಮನವಿಗಾಗಿ ಕಾದರೆ ಆ ಕಾಯುವಿಕೆಗೆ ಬೆಲೆಯುಂಟು. ನಿಯಮದಲ್ಲಿ ಇಲ್ಲದ ಅಹವಾಲುಗಳನ್ನು ಮೇಲಿಂದ ಮೇಲೆ ಕೊಡುತ್ತಾ ಹೋದರೆ ಕಾಲಮಿತಿ ನಿಮಗಾಗಿ ಕಾಯುತ್ತಾ ನಿಲ್ಲುವುದಿಲ್ಲ ಎಂಬುದು ಅದರ ತಾತ್ಪರ್ಯ. ತೀರ್ಪು ಬಂದು ಮೂರೂವರೆ ದಶಕವಾಯಿತು. ನೆನಪೋಲೆಗಳು ಮಾತ್ರ ಕಡಿಮೆಯಾಗಿಲ್ಲ. ಬರೆದವನಿಗೆ ಏನೋ ಮಾಡಿದೆನೆಂಬ ತೃಪ್ತಿ, ಪಡೆದವನಿಗೆ ಏನೂ ಮಾಡಬೇಕಾಗಿಲ್ಲವೆಂಬ ತೃಪ್ತಿ. ಇಬ್ಬರಿಗೂ ಏಕಕಾಲಕ್ಕೆ ಹಿತವಾಗುವ ಕಾಗದ ಲೋಕದಲ್ಲಿ ಇನ್ನೊಂದಿಲ್ಲ.

ಒಮ್ಮೊಮ್ಮೆ ಉತ್ತರ ಬರುವುದೂ ಉಂಟು. ಅದಕ್ಕೆ ಹಿಂಬರಹ ಎನ್ನುತ್ತಾರೆ. ‘ತಾವು ಸಲ್ಲಿಸಿರುವ ಮನವಿಯನ್ನು ಪರಿಶೀಲಿಸಲಾಗಿ, ಪ್ರಸ್ತುತ ನಿಯಮಗಳಲ್ಲಿ ಅವಕಾಶವಿಲ್ಲದಿರುವುದರಿಂದ ಮಾನ್ಯ ಮಾಡಲು ಬರುವುದಿಲ್ಲವೆಂದು ಈ ಮೂಲಕ ತಿಳಿಯಪಡಿಸಿದೆ.’ ಇಷ್ಟೇ. ಯಾವ ನಿಯಮ, ಏಕೆ ಅವಕಾಶವಿಲ್ಲ, ಏನು ಪರಿಶೀಲಿಸಿದಿರಿ ಎಂಬುದೆಲ್ಲ ಇರುವುದಿಲ್ಲ. ಮನವಿದಾರ ಇದನ್ನು ಓದಿ ಕುಸಿಯುತ್ತಾನೆ. ಬಲ್ಲ ವಕೀಲರು ಹಿಗ್ಗುತ್ತಾರೆ. ಕಾರಣವಿಲ್ಲದ ಹಿಂಬರಹದಷ್ಟು ಮೆದುವಾದ ಗೋಡೆ ಅವರಿಗೆ ಬೇರೆ ಸಿಗದು, ಒದ್ದರೆ ಬೀಳುತ್ತದೆ. ನಮ್ಮ ಶಾಖೆಯಲ್ಲಿ ಹಳೆಯ ಮ್ಯಾನೇಜರೊಬ್ಬರಿದ್ದರು, ಇದನ್ನು ಚೆನ್ನಾಗಿ ಬಲ್ಲವರು. ‘ಉತ್ತರ ಕೊಟ್ಟರೆ ತಾನೇ ತಪ್ಪು ಹುಡುಕೋದು?’ ಎನ್ನುತ್ತಿದ್ದರು. ನಿವೃತ್ತರಾಗುವವರೆಗೂ ಅವರ ಸಹಿಯಿದ್ದ ಒಂದೇ ಒಂದು ಕಾಗದವೂ ಯಾವ ನ್ಯಾಯಾಲಯದಲ್ಲೂ ಬಿದ್ದುಹೋಗಲಿಲ್ಲ.

ಇಷ್ಟೆಲ್ಲ ಹಾಸ್ಯ ಮಾಡಿದರೂ, ಮೊದಲು ಅಲ್ಲೇ ಕೇಳು ಎಂಬ ನಿಯಮದ ಪರ ನಾನು. ಮೇಜಿನ ಆಚೆ ಕೂತು ನೋಡಿದ್ದರಿಂದ ಹೇಳುತ್ತೇನೆ. ಪಟ್ಟಿಗಳಲ್ಲಿ ಆಗುವ ಅನ್ಯಾಯಗಳಲ್ಲಿ ಪಿತೂರಿ ಕಡಿಮೆ, ಬೇಸರ ಹೆಚ್ಚು. ಸಂಜೆ ಐದೂವರೆಗೆ ಬಸ್ಸು ಹಿಡಿಯಬೇಕಾದ ಗುಮಾಸ್ತ ಐದೂಕಾಲಿಗೆ ಮೀಸಲಾತಿ ವರ್ಗ 3ಬಿ ಎಂದು ಒತ್ತಬೇಕಾದಲ್ಲಿ 3ಎ ಎಂದು ಒತ್ತಿರುತ್ತಾನೆ. ಗ್ರಾಮೀಣ ಮೀಸಲಾತಿಯ ಪ್ರಮಾಣಪತ್ರ ಬೇರೆಯವರ ಅರ್ಜಿಗೆ ಪಿನ್ನಾಗಿರುತ್ತದೆ. ಹುಟ್ಟಿದ ತಾರೀಕು ಅದಲುಬದಲಾಗಿರುತ್ತದೆ. ಇದಕ್ಕೆಲ್ಲ ನ್ಯಾಯಮೂರ್ತಿಗಳು ಬೇಕೆ? ಅದಕ್ಕೇ ಇದೆ ತಾತ್ಕಾಲಿಕ ಆಯ್ಕೆ ಪಟ್ಟಿ, ಆಕ್ಷೇಪಣೆಗೆ ಕಾಲಾವಕಾಶ, ಆಮೇಲೆ ಅಂತಿಮ ಪಟ್ಟಿ. ಆ ಕಾಲಾವಕಾಶದೊಳಗೆ ದಾಖಲೆ ಹಿಡಿದು ಬಂದವರ ಹೆಸರು ಸದ್ದಿಲ್ಲದೆ ಸರಿಯಾದದ್ದನ್ನು ನಾನೇ ಕಂಡಿದ್ದೇನೆ. ಆ ಸುದ್ದಿ ಪತ್ರಿಕೆಯಲ್ಲಿ ಬರುವುದಿಲ್ಲ. ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆ ಮಾಡಿದ ಹಿರಿಯರಿಗೂ ಇದು ಗೊತ್ತಿದ್ದಿರಬೇಕು.

ನನ್ನ ತಕರಾರು ಬೇರೆಯದು. ಮನವಿದಾರ ಕಾಯುವಾಗ ಉಳಿದವರೆಲ್ಲರೂ ಕಾಯಬೇಕಷ್ಟೆ? ಕಾಯುವುದಿಲ್ಲ. ನೀವು ಮೊಹರು ಬಿದ್ದ ಪ್ರತಿಯನ್ನು ಎದೆಗಪ್ಪಿಕೊಂಡು ಆರು ತಿಂಗಳು ಎಣಿಸುತ್ತಿರುವಾಗ, ನಿಮ್ಮ ಜಾಗದಲ್ಲಿ ನೇಮಕಗೊಂಡವನು ಆದೇಶ ಪಡೆದು, ಕೆಲಸಕ್ಕೆ ಹಾಜರಾಗಿ, ವರದಿ ಸಲ್ಲಿಸಿ, ಸಂಬಳದ ಮೇಲೆ ಬೈಕಿಗೆ ಸಾಲ ಮಾಡಿ, ಹೆಣ್ಣು ನೋಡಲು ಶುರುಮಾಡಿರುತ್ತಾನೆ. ಅವನೇನೂ ಕೆಟ್ಟವನಲ್ಲ; ಪಟ್ಟಿಯಲ್ಲಿ ತನ್ನ ಹೆಸರು ಕಂಡಾಗ ಅವನಮ್ಮನೂ ದೇವರಿಗೆ ತುಪ್ಪದ ದೀಪ ಹಚ್ಚಿರುತ್ತಾಳೆ. ಜೊತೆಗೆ, ಬುದ್ಧಿ ಹೇಳುವವರಿದ್ದರೆ, ನ್ಯಾಯಮಂಡಳಿಯಲ್ಲಿ ಕೇವಿಯಟ್ಟನ್ನೂ ಹಾಕಿಟ್ಟಿರುತ್ತಾನೆ. ನೀವು ಒಳಗೆ ಹೋಗುವ ಹೊತ್ತಿಗೆ ಅವನ ವಕೀಲರು ಎದ್ದು ನಿಂತು, ‘ನಮ್ಮ ಕಕ್ಷಿದಾರರು ಇಷ್ಟು ಕಾಲದಿಂದ ಸೇವೆಯಲ್ಲಿದ್ದಾರೆ’ ಎನ್ನುತ್ತಾರೆ. ಅದು ನಿಜವೂ ಹೌದು.

ಕಾಲ ಕಳೆದಂತೆ ಗಂಟು ಹೇಗೆ ಬಿಗಿಯುತ್ತದೆಂಬುದಕ್ಕೆ ನಮ್ಮಲ್ಲಿ 2011ರ ತಂಡದ ಗೆಜೆಟೆಡ್ ಪ್ರೊಬೇಷನರುಗಳ ಕಥೆಯಿದೆ. 362 ಹುದ್ದೆ. ಅಕ್ರಮದ ಆರೋಪ ಬಂದು ಸರ್ಕಾರ 2014ರಲ್ಲಿ ಆಯ್ಕೆಯನ್ನೇ ಹಿಂದೆ ತೆಗೆದುಕೊಂಡಿತು. 2016ರಲ್ಲಿ ಕೆಎಟಿ, ಆ ಹಿಂತೆಗೆತ ಸರಿಯಲ್ಲ ಎಂದಿತು. 2018ರಲ್ಲಿ ಹೈಕೋರ್ಟು, ಕೆಎಟಿ ಹೇಳಿದ್ದು ಸರಿಯಲ್ಲ ಎಂದಿತು. 2022ರಲ್ಲಿ ವಿಧಾನಮಂಡಲವೇ ಕಾಯ್ದೆ ಮಾಡಿ ಆ ಆಯ್ಕೆಯನ್ನು ಊರ್ಜಿತಗೊಳಿಸಿತು. ಅಧಿಸೂಚನೆ ಬಂದಾಗ ಇಪ್ಪತ್ತರ ಹರೆಯದಲ್ಲಿದ್ದವರು ಮಕ್ಕಳನ್ನು ಶಾಲೆಗೆ ಬಿಟ್ಟು ಬಂದು ತಮ್ಮ ಪಟ್ಟಿಯ ಸುದ್ದಿ ಓದುವಂತಾಯಿತು. ಯಾರು ಸರಿ, ಯಾರು ತಪ್ಪು ಎಂದು ನಾನು ಹೇಳಹೊರಟಿಲ್ಲ. ಆಯ್ಕೆಯಾದವರಿಗೂ ಆಗದವರಿಗೂ ಸಮನಾಗಿ ಸಿಕ್ಕಿದ್ದು ವಯಸ್ಸೊಂದೇ.

ಈ ಸುತ್ತುದಾರಿ ಬೇಡ, ನೆಟ್ಟಗೆ ಹೈಕೋರ್ಟಿಗೇ ಹೋಗುತ್ತೇವೆ ಎನ್ನುವವರುಂಟು. ಅವರು 2022ರ ಶಿಕ್ಷಕರ ನೇಮಕಾತಿಯನ್ನು ನೋಡಬೇಕು. 6ರಿಂದ 8ನೆಯ ತರಗತಿಗೆ 15,000 ಪದವೀಧರ ಶಿಕ್ಷಕರ ಹುದ್ದೆ. ಮದುವೆಯಾದ ಹೆಣ್ಣುಮಕ್ಕಳು ಮೀಸಲಾತಿಗಾಗಿ ಜಾತಿ ಮತ್ತು ಆದಾಯದ ಪ್ರಮಾಣಪತ್ರ ಕೊಟ್ಟಿದ್ದರು. ಕೆಲವರು ಕೊಟ್ಟಿದ್ದು ತಂದೆಯ ಹೆಸರಿನದು. ಗಂಡನ ಹೆಸರಿನದು ಕೊಡಬೇಕಿತ್ತು ಎಂದು ಇಲಾಖೆ ಅವರನ್ನು ಸಾಮಾನ್ಯ ವರ್ಗಕ್ಕೆ ದೂಡಿತು. ಹುಟ್ಟಿದ ಮನೆಯೋ ಮೆಟ್ಟಿದ ಮನೆಯೋ ಎಂಬ, ನಮ್ಮ ಹೆಣ್ಣುಮಕ್ಕಳನ್ನು ತಲೆತಲಾಂತರದಿಂದ ಕಾಡುವ ಪ್ರಶ್ನೆ ಇಲಾಖೆಯ ಕಂಪ್ಯೂಟರಿನೊಳಗೂ ಹೊಕ್ಕಿತ್ತು. ಅವರು ಹೈಕೋರ್ಟಿಗೆ ಹೋದರು. 2023ರ ಜನವರಿಯಲ್ಲಿ ಏಕಸದಸ್ಯ ಪೀಠ ಅವರ ಪರ ತೀರ್ಪು ಕೊಟ್ಟಿತು. ಪಟ್ಟಿ ಬದಲಾಯಿತು. ಬದಲಾದ ಪಟ್ಟಿಯಿಂದ ಹೊರಬಿದ್ದವರು ಮೇಲ್ಮನವಿ ಹೂಡಿದರು. ಅದೇ ವರ್ಷದ ಅಕ್ಟೋಬರಿನಲ್ಲಿ ವಿಭಾಗೀಯ ಪೀಠ, ತಂದೆಯೋ ಗಂಡನೋ ಎಂಬುದು ಹಾಗಿರಲಿ, ಮೊದಲು ಕೆಎಟಿಗೆ ಹೋಗಬೇಕಿತ್ತು, ಹೋಗಿ ಎಂದಿತು. ಮಕ್ಕಳ ಪಾಠ ಕೆಡಬಾರದೆಂದು 13 ಸಾವಿರಕ್ಕೂ ಹೆಚ್ಚು ಮಂದಿಯ ನೇಮಕಾತಿಗೆ ದಾರಿ ಬಿಟ್ಟಿತು. 2025ರಲ್ಲಿ ಸುಪ್ರೀಂ ಕೋರ್ಟೂ ಕೆಎಟಿಯ ಬಾಗಿಲನ್ನೇ ತೋರಿಸಿತು. ದಿಲ್ಲಿಯವರೆಗೆ ಹೋಗಿ ಕಂದಾಯ ಭವನದ ವಿಳಾಸ ಕೇಳಿಕೊಂಡು ಬಂದಂತಾಯಿತು.

ಹಾಗೆ ನೋಡಿದರೆ ಇದು 1997ರಲ್ಲೇ ಗೊತ್ತಾಗಿದ್ದ ಮಾತು. ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ನ್ಯಾಯಮಂಡಳಿಯ ಮೇಲೆ ಹೈಕೋರ್ಟಿನ ಕಣ್ಣು ಇದ್ದೇ ಇರುತ್ತದೆ, ಆದರೆ ಮೊದಲ ಹೆಜ್ಜೆ ನ್ಯಾಯಮಂಡಳಿಯಲ್ಲೇ ಇಡಬೇಕು ಎಂದಿತ್ತು. ಬಾಗಿಲು ತಪ್ಪಿದ್ದಕ್ಕೆ ದಂಡ ಕಟ್ಟಿದ್ದು ಮಾತ್ರ ಪ್ರಮಾಣಪತ್ರ ಹಿಡಿದು ನಿಂತ ಹೆಣ್ಣುಮಕ್ಕಳು. ಬಾಗಿಲು ತಪ್ಪು ಎಂದು ಹೇಳುವುದಿದ್ದರೆ ಒಳಗೆ ಕೂರಿಸಿ ಕಾಫಿ ಕೊಡುವ ಮೊದಲೇ ಹೇಳಬಾರದೇ ಎಂದು ನನಗನ್ನಿಸುತ್ತದೆ. ಕಾನೂನು ಬಲ್ಲವರು, ಹಾಗೆಲ್ಲ ಅನ್ನಿಸಬಾರದು ಎನ್ನುತ್ತಾರೆ.

ಹಾಗೆಂದು ಮೇಲಿನ ಬಾಗಿಲು ಪೂರ್ತಿ ಮುಚ್ಚಿಲ್ಲ. ಬೇರೆ ದಾರಿಯಿದ್ದರೂ ಹೈಕೋರ್ಟು ನೇರವಾಗಿ ಕೈಹಾಕಬಹುದಾದ ಸಂದರ್ಭಗಳನ್ನು 1998ರ ಒಂದು ತೀರ್ಪು ಹೇಳಿದೆ: ಮೂಲಭೂತ ಹಕ್ಕಿಗೆ ಧಕ್ಕೆ, ಎದುರಾಳಿಯ ಮಾತನ್ನೂ ಕೇಳದ ತೀರ್ಮಾನ, ಅಧಿಕಾರವೇ ಇಲ್ಲದವರ ಆದೇಶ, ಕಾನೂನೇ ಸಿಂಧುವಲ್ಲ ಎಂಬ ವಾದ. ಇದು ಬಂದದ್ದು ಯಾವ ಬಡ ಗುಮಾಸ್ತನ ಕೇಸಿನಲ್ಲೂ ಅಲ್ಲ. ವರ್ಲ್‌ಪೂಲ್ ಕಂಪನಿಯ ಟ್ರೇಡ್‌ಮಾರ್ಕ್ ಜಗಳದಲ್ಲಿ. ಬಟ್ಟೆ ಒಗೆಯುವ ಯಂತ್ರದ ಹೆಸರಿನ ಮೇಲಿನ ಕಿತ್ತಾಟದಿಂದ ಬಂದ ಸೂತ್ರವನ್ನು ಇವತ್ತು ಅಂಗನವಾಡಿ ಕಾರ್ಯಕರ್ತೆಯ ವಕೀಲರೂ ಉರು ಹೊಡೆದು ಹೇಳುತ್ತಾರೆ. ನ್ಯಾಯಶಾಸ್ತ್ರದಲ್ಲಿ ಇಂಥ ಮಡಿಮೈಲಿಗೆಯಿಲ್ಲ.

ಇನ್ನೊಂದು ಬಾಗಿಲಿದೆ, ಅದರ ಹೆಸರು ಕೋ ವಾರಂಟೋ. ‘ಯಾವ ಅಧಿಕಾರದಿಂದ ಆ ಕುರ್ಚಿಯಲ್ಲಿ ಕೂತಿದ್ದೀಯಪ್ಪಾ?’ ಎಂದು ಸಾರ್ವಜನಿಕ ಹುದ್ದೆಯಲ್ಲಿರುವವನನ್ನು ಕೇಳುವ ರಿಟ್ಟು. ಕೇಳಲು ನೀವು ಆ ಕುರ್ಚಿಯ ಆಕಾಂಕ್ಷಿಯೇ ಆಗಿರಬೇಕಿಲ್ಲ. ಇದರ ಬಗ್ಗೆ ದೇಶದ ಕೋರ್ಟುಗಳೆಲ್ಲ ಇಂದಿಗೂ ಎತ್ತಿ ಹೇಳುವ ತೀರ್ಪು ನಮ್ಮ ಮನೆಯದೇ: ಮೈಸೂರು ವಿಶ್ವವಿದ್ಯಾನಿಲಯ ಮತ್ತು ಸಿ.ಡಿ. ಗೋವಿಂದ ರಾವ್ ನಡುವಿನದು. ಆಗಿನ್ನೂ ಬೆಂಗಳೂರಿನ ಸೆಂಟ್ರಲ್ ಕಾಲೇಜು ಮೈಸೂರು ವಿಶ್ವವಿದ್ಯಾನಿಲಯದ ತೆಕ್ಕೆಯಲ್ಲಿತ್ತು. ಅಲ್ಲಿನ ಇಂಗ್ಲಿಷ್ ರೀಡರ್ ಹುದ್ದೆಯ ನೇಮಕವನ್ನು ಪ್ರಶ್ನಿಸಿ ಕೇಸಾಯಿತು. ಜಾಹೀರಾತಿನಲ್ಲಿ ಕೇಳಿದ್ದು ಮೊದಲ ದರ್ಜೆಯ ಅಥವಾ ಉನ್ನತ ಎರಡನೆಯ ದರ್ಜೆಯ ಎಂ.ಎ., ಇಲ್ಲವೇ ಅದಕ್ಕೆ ಸಮನಾದ ವಿದೇಶಿ ಪದವಿ. ಎರಡನೆಯ ದರ್ಜೆಯಲ್ಲಿ ಉನ್ನತವೆಂದರೆ ಎಷ್ಟು ಉನ್ನತ? ಹೈಕೋರ್ಟು ಕೂರುವ ಅಠಾರಾ ಕಚೇರಿಯ ಕೆಂಪು ಗೋಡೆಗಳ ನಡುವೆ ಅದರ ಮೇಲೆ ಗಂಭೀರ ವಾದ ನಡೆದು ನೇಮಕ ರದ್ದಾಯಿತು. 1963ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿ ಗಜೇಂದ್ರಗಡ್ಕರ್ ಅವರು, ಇಂಥ ವಿದ್ಯೆಯ ವಿಷಯವನ್ನು ಆಯ್ಕೆ ಮಾಡಿದ ತಜ್ಞರ ಮಂಡಳಿಗೆ ಬಿಡುವುದೇ ಕ್ಷೇಮ, ಕೋರ್ಟು ಅಲ್ಲಿ ಆತುರಪಡಬಾರದು ಎಂಬರ್ಥದ ಮಾತು ಹೇಳಿ ನೇಮಕವನ್ನು ಉಳಿಸಿದರು. ಆ ತೀರ್ಪಿನ ಆಸರೆಯಲ್ಲಿ ಉಳಿದುಕೊಂಡ ಪ್ರೊಫೆಸರುಗಳು ದೇಶದ ತುಂಬ ಇದ್ದಾರೆ. ಎಲ್ಲರೂ ಉಳಿಯಬೇಕಾದವರೇ ಎಂದು ಆಣೆ ಮಾಡಿ ಹೇಳಲಾರೆ.

ಎಲ್ಲ ಬಾಗಿಲು ದಾಟಿ ಗೆದ್ದರೆ ಏನು ಸಿಗುತ್ತದೆ? ಬಹಳ ಸಲ ಸಿಗುವುದು, ‘ಅರ್ಜಿದಾರರ ಮನವಿಯನ್ನು ಕಾನೂನು ರೀತ್ಯಾ ಪರಿಗಣಿಸಿ ಸೂಕ್ತ ಆದೇಶ ಹೊರಡಿಸತಕ್ಕದ್ದು’ ಎಂಬ ನಿರ್ದೇಶನ. ಎಂದರೆ ಮನವಿ ಮತ್ತೆ ಅದೇ ಕಚೇರಿಗೆ, ಅದೇ ಮೇಜಿಗೆ, ಈ ಸಲ ಕೋರ್ಟಿನ ಆದೇಶದ ಪ್ರತಿಯನ್ನು ಹೆಗಲ ಮೇಲೆ ಹೊತ್ತುಕೊಂಡು ಬರುತ್ತದೆ. ವಿಷಯ ನಿರ್ವಾಹಕರು ಟಿಪ್ಪಣಿ ಬರೆಯುತ್ತಾರೆ, ಪರಿಗಣಿಸುತ್ತಾರೆ, ತಿರಸ್ಕರಿಸುತ್ತಾರೆ. ಮೊದಲು ಕರ್ನಾಟಕ ಹೈಕೋರ್ಟಿನಲ್ಲಿದ್ದು ಆಮೇಲೆ ಸುಪ್ರೀಂ ಕೋರ್ಟಿಗೆ ಹೋದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರು 2008ರ ಸಿ. ಜೇಕಬ್ ಪ್ರಕರಣದಲ್ಲಿ ಈ ‘ಪರಿಗಣಿಸಿ’ ಎಂಬ ಆಟವನ್ನು ಬಿಡಿಸಿ ತೋರಿಸಿದ್ದಾರೆ. ಎಷ್ಟೋ ವರ್ಷ ಸುಮ್ಮನಿದ್ದವನು ಒಂದು ದಿನ ಮನವಿ ಕೊಡುತ್ತಾನೆ, ಪರಿಗಣಿಸಿ ಎಂದು ಕೋರ್ಟಿನಿಂದ ಆದೇಶ ತರುತ್ತಾನೆ, ಕಚೇರಿ ತಿರಸ್ಕರಿಸುತ್ತದೆ, ಆ ತಿರಸ್ಕಾರವನ್ನು ಹೊಚ್ಚಹೊಸ ಅನ್ಯಾಯವೆಂದು ಹಿಡಿದುಕೊಂಡು ಮತ್ತೆ ಕೋರ್ಟಿಗೆ ಬರುತ್ತಾನೆ. ಹಳೆಯ ಮಾಲಿಗೆ ಹೊಸ ತಾರೀಕು ಒತ್ತಿಸಿಕೊಳ್ಳುವ ಈ ಉಪಾಯ ನಡೆಯದು ಎಂಬುದು ಅವರ ತೀರ್ಪಿನ ಸಾರ. ತಾರೀಕು ಒತ್ತುವುದನ್ನೇ ಕಸುಬು ಮಾಡಿಕೊಂಡಿದ್ದ ನನಗೆ ಆ ತೀರ್ಪು ಓದಿದಾಗ ಸ್ವಲ್ಪ ಇರುಸುಮುರುಸಾಯಿತು.

ಯಾರಾದರೂ ಸಲಹೆ ಕೇಳಿಕೊಂಡು ಬಂದರೆ ನಾನು ಹೇಳುವುದು ಇಷ್ಟು. ಮನವಿ ಒಂದೇ ಪುಟದಲ್ಲಿರಲಿ. ಕಣ್ಣೀರು ಬೇಡ, ನಿಯಮದ ಸಂಖ್ಯೆ ಇರಲಿ. ಎರಡು ಪ್ರತಿ ಒಯ್ಯಿರಿ. ಮೊಹರಿನ ಜೊತೆ ಆವಕ ಸಂಖ್ಯೆ ಬರೆಸಿಕೊಳ್ಳಿ. ಕೈಯಾರೆ ಕೊಡಲಾಗದಿದ್ದರೆ ಅಂಚೆಯಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಿ. ನಮ್ಮ ಕಾಲದ ರಿಜಿಸ್ಟರ್ಡ್ ಪೋಸ್ಟನ್ನು 2025ರಲ್ಲಿ ಸ್ಪೀಡ್ ಪೋಸ್ಟಿನೊಳಗೆ ಸೇರಿಸಿಬಿಟ್ಟರು. ಆ ನೀಲಿ ಗೆರೆ ಎಳೆದ ಲಕೋಟೆಯ ಗಾಂಭೀರ್ಯ ಇದಕ್ಕಿಲ್ಲ, ಆದರೂ ಕೆಲಸ ನಡೆಯುತ್ತದೆ. ಅಂಕಪಟ್ಟಿ ಬೇಕಿದ್ದರೆ ಮಾಹಿತಿ ಹಕ್ಕಿನಲ್ಲಿ 10 ರೂಪಾಯಿ ಕಟ್ಟಿ ಕೇಳಿ. ಕೊಡದಿದ್ದರೆ ಮೊದಲ ಮೇಲ್ಮನವಿ ಅದೇ ಇಲಾಖೆಯ ಮೇಲಿನ ಅಧಿಕಾರಿಗೆ, ಅಲ್ಲೂ ಅದೇ ರಾಗ. ಉತ್ತರ ಬರುತ್ತದೆಂದು ದಾರಿ ನೋಡಬೇಡಿ, ಕ್ಯಾಲೆಂಡರ್ ನೋಡಿ. ಮಂತ್ರಿಗಳ ಪಿಎ ಗೊತ್ತು ಎನ್ನುವವರ ಮನೆಗೆ ಮಾತ್ರ ಹೋಗಬೇಡಿ; ಅವರು ಕಾಲಮಿತಿ ಮುಗಿಯುವವರೆಗೂ ‘ನಾಳೆ ಮಾತಾಡ್ತೀನಿ’ ಎನ್ನುತ್ತಿರುತ್ತಾರೆ.

ನಮ್ಮ ಎದುರು ಮನೆಯ ಹುಡುಗಿ ಇದನ್ನೆಲ್ಲ ಕೇಳಿಸಿಕೊಂಡವಳು. ಈಚೆಗೆ ಒಂದು ಸ್ಪರ್ಧಾತ್ಮಕ ಪರೀಕ್ಷೆ ಬರೆದಳು. ಕೀ ಉತ್ತರ ಪ್ರಕಟವಾದಾಗ ಒಂದು ಪ್ರಶ್ನೆಗೆ ಅವರು ಕೊಟ್ಟ ಉತ್ತರ ತಪ್ಪಿತ್ತು, ಇವಳದು ಸರಿ. ಅಳುತ್ತಾ ಬಂದಳು. ‘ಕೋರ್ಟಿಗೆ ಹೋಗಲಾ ಅಂಕಲ್?’ ‘ಮೊದಲು ಆಕ್ಷೇಪಣೆ ಹಾಕಮ್ಮಾ, ಕಾಲಾವಕಾಶ ಇದೆ’ ಎಂದೆ. ಪಠ್ಯಪುಸ್ತಕದ ಪುಟದ ಜೆರಾಕ್ಸ್ ಲಗತ್ತಿಸಿ, ಶುಲ್ಕ ಕಟ್ಟಿ ಹಾಕಿದಳು. ನಂಬಿದರೆ ನಂಬಿ, ಒಪ್ಪಿಕೊಂಡರು. ಪರಿಷ್ಕೃತ ಕೀ ಉತ್ತರ ಬಂದ ದಿನ ಕೇಸರಿಬಾತು ಮಾಡಿಕೊಂಡು ಬಂದಳು. ರ‍್ಯಾಂಕ್ ಪಟ್ಟಿ ಬಂದ ದಿನ ಬರಿಗೈಯಲ್ಲಿ ಬಂದಳು.

‘ಏನಾಯ್ತಮ್ಮಾ?’

‘ನನಗೆ ಆ ಒಂದು ಮಾರ್ಕ್ಸ್ ಬಂತು ಅಂಕಲ್. ಆ ಉತ್ತರ ಬರೆದಿದ್ದ ಎಲ್ಲರಿಗೂ ಬಂತು. ನನ್ನ ಮುಂದೆ ಇದ್ದವರು ಹಾಗೇ ಮುಂದೆ ಇದ್ದಾರೆ. ನನ್ನ ಸಮಕ್ಕೆ ಇದ್ದ ಇಬ್ಬರಿಗೂ ಬಂದು, ಈಗಲೂ ಸಮಕ್ಕೇ ಇದ್ದಾರೆ. ವಯಸ್ಸಲ್ಲಿ ದೊಡ್ಡವರು ಅಂತ ಅವರನ್ನ ಮೇಲೆ ಹಾಕಿದ್ದಾರೆ.’

ಆಕ್ಷೇಪಣೆಯ ಶುಲ್ಕವನ್ನು ಅವರಿಬ್ಬರಿಂದ ವಸೂಲಿ ಮಾಡಲು ಯಾರಿಗೆ ಮನವಿ ಕೊಡಬೇಕು ಎಂದು ಕೇಳಿದಳು.